ಯಾವ ಗುಡ್ಡೆಗೆ?

ಕಳೆದ ಮಳೆಗಾಲದಲ್ಲಿ ಐರೋಲಿಯ ನಮ್ಮ ಫ್ಲಾಟಿನ ಗೋಡೆಗೆ ತೇವ ಹತ್ತಿ, ಪುಸ್ತಕದ ಕಪಾಟನ್ನು ಖಾಲಿ ಮಾಡಬೇಕಾಯಿತು. ಹಾಲಿನ ತುಂಬ ಪುಸ್ತಕ ಹರಡಿಕೊಂಡು ಕೂತೆ. ಪ್ರಾಜೆಕ್ಟ್ ಮ್ಯಾನೇಜರನ ಬುದ್ಧಿ, ವಿಂಗಡಿಸದೆ ಏನನ್ನೂ ಒಳಗಿಡಲು ಕೈ ಬರುವುದಿಲ್ಲ. ಮಕ್ಕಳ ಕತೆಗಳದ್ದು ಒಂದು ಗುಡ್ಡೆ, ಕಾದಂಬರಿಗಳದ್ದು ಒಂದು, ಕಥಾಸಾಹಿತ್ಯ ಮತ್ತು ಸಿನಿಮಾ ವಿಮರ್ಶೆಯದ್ದು ಇನ್ನೊಂದು. ಹನ್ನೊಂದು ವರ್ಷದ ಮಗಳು ಎರಡು ಗುಡ್ಡೆಗಳಿಂದ ಒಂದೊಂದು ಪುಸ್ತಕ ಎತ್ತಿಕೊಂಡು, ಅಕ್ಷರ ಕೂಡಿಸಿ ಕೂಡಿಸಿ ಓದಿ, “ಅಪ್ಪಾ, ಎರಡರ ಮೇಲೂ ನಾ. ಡಿಸೋಜ ಅಂತಿದೆ. ಇವರನ್ನ ಯಾವ ಗುಡ್ಡೆಗೆ ಹಾಕ್ತೀಯ?” ಅಂದಳು.

ಅವಳ ಒಂದು ಕೈಯಲ್ಲಿ ‘ಮುಳುಗಡೆಯ ಊರಿಗೆ ಬಂದವರು’, ಇನ್ನೊಂದರಲ್ಲಿ ‘ದ್ವೀಪ’. ಮೊದಲನೆಯದು ಮಕ್ಕಳ ಕಾದಂಬರಿ, 2011ರಲ್ಲಿ ಸಾಹಿತ್ಯ ಅಕಾಡೆಮಿಯ ಬಾಲ ಸಾಹಿತ್ಯ ಪುರಸ್ಕಾರ ಪಡೆದದ್ದು. ಎರಡನೆಯದನ್ನು ಗಿರೀಶ ಕಾಸರವಳ್ಳಿ ಸಿನಿಮಾ ಮಾಡಿದರು. 2001ನೇ ಸಾಲಿನ ಸ್ವರ್ಣಕಮಲ ಅದಕ್ಕೇ ಬಂತು. ಎರಡರ ಹಿಂದೆಯೂ ಇರುವುದು ಶರಾವತಿಯ ಮುಳುಗಡೆ. ಡಿಸೋಜರು ಲೋಕೋಪಯೋಗಿ ಇಲಾಖೆಯ ನೌಕರರಾಗಿ ಅದನ್ನು ಹತ್ತಿರದಿಂದ ಕಂಡವರು. ಕಂಡದ್ದನ್ನು ದೊಡ್ಡವರಿಗೂ ಹೇಳಿದರು, ಮಕ್ಕಳಿಗೂ ಹೇಳಿದರು.

ನಾನು ಆ ಸೀಮೆಯವನೇ. ಡಿಸೋಜರ ಸಾಗರ, ಕೆ.ವಿ. ಸುಬ್ಬಣ್ಣ ಚಿತ್ರಸಮಾಜ ಕಟ್ಟಿ ಹಳ್ಳಿಯವರಿಗೆ ಜಗತ್ತಿನ ಸಿನಿಮಾ ತೋರಿಸಿದ ಹೆಗ್ಗೋಡು, ಕಾದಂಬರಿ ಓದುವುದನ್ನು ಕಲಿಸಿದ ವಿಮರ್ಶಕ ಟಿ.ಪಿ. ಅಶೋಕ, ಎಲ್ಲವೂ ಒಂದೇ ತಾಲ್ಲೂಕು. ಎಂಟೆಕ್ ಓದುವಾಗ ನನಗೆ ವಿಮರ್ಶೆಯ ಹುಚ್ಚು. ಕಾದಂಬರಿಗಿಂತ ಮೊದಲು ಅದರ ವಿಮರ್ಶೆ ಓದಿ, ಹಾಸ್ಟೆಲಿನಲ್ಲಿ ನಾಲ್ಕು ಜನರ ಮುಂದೆ ಮಾತಾಡುತ್ತಿದ್ದೆ. ಮಕ್ಕಳ ಪುಸ್ತಕಗಳು ನನ್ನ ಲೆಕ್ಕಕ್ಕೇ ಇರಲಿಲ್ಲ. ಮಗಳಿಗೆ ಕನ್ನಡ ತಪ್ಪಿಹೋಗಬಾರದೆಂಬ ಹೆದರಿಕೆಯಿಂದಷ್ಟೇ ಅವು ಮನೆಗೆ ಬಂದವು.

ಗುಡ್ಡೆಯ ಪ್ರಶ್ನೆಗೆ ಉತ್ತರ ಹೊಳೆಯದೆ, ರಾತ್ರಿ ‘ದ್ವೀಪ’ ಸಿನಿಮಾ ಹಾಕಿದೆ. ಊರಿಂದ ಬಂದಿದ್ದ ಅಮ್ಮನೂ ಕೂತಳು. ನೀರು ಏರುತ್ತದೆ, ಊರು ಖಾಲಿಯಾಗುತ್ತದೆ, ಗಣಪ ಮತ್ತು ನಾಗಿ ಗುಡ್ಡದ ಮೇಲಿನ ಮನೆಯಲ್ಲಿ ಉಳಿಯುತ್ತಾರೆ. ಎದೆಗುಂದದೆ ನಿಂತು ಮನೆ ಉಳಿಸುವವಳು ನಾಗಿ. ಬೆಳಗಾದಾಗ ಗಣಪ ಅದನ್ನು ದೇವರ ಲೆಕ್ಕಕ್ಕೆ ಹಾಕಿಬಿಡುತ್ತಾನೆ. ನಾಗಿಯಾಗಿ ಸೌಂದರ್ಯ ಅವರ ಮುಖ ನೋಡಿದವರಿಗೆ ಬೇರೆ ವ್ಯಾಖ್ಯಾನ ಬೇಡ. ಆದರೂ ನಾನು ಗಂಟಲು ಸರಿಮಾಡಿಕೊಂಡೆ, ವಾಸ್ತವವಾದ, ಕಾಸರವಳ್ಳಿಯವರ ಸ್ತ್ರೀಪಾತ್ರಗಳು ಇತ್ಯಾದಿ ಹೇಳೋಣವೆಂದು. ಅಷ್ಟರಲ್ಲಿ ಮಗಳು ಅಜ್ಜಿಯ ಕಡೆ ತಿರುಗಿ, “ಅಜ್ಜಿ, ಮನೆ ಉಳಿಸಿದ್ದು ಅವಳಲ್ವಾ? ಯಾರೂ ಯಾಕೆ ಹೇಳಲ್ಲ?” ಎಂದು ಕೇಳಿದಳು.

ಅಮ್ಮ ಸ್ವಲ್ಪ ಹೊತ್ತು ಸುಮ್ಮನಿದ್ದಳು. ಆಮೇಲೆ, “ನಮ್ಮನೇಲೂ ಹಂಗೇ ಪುಟ್ಟಿ. ಅಪ್ಪಯ್ಯ ಹೊಸ ಮನೆ ಕಟ್ಟಿದ ಅಂತ ಎಲ್ಲರೂ ಹೇಳ್ತಾರೆ. ಬೀಜದ ಭತ್ತ ನೆನೆಯದ ಹಂಗೆ ತಲೆ ಮೇಲೆ ಹೊತ್ತು ತಂದಿದ್ದು ನಮ್ಮಮ್ಮ. ಅದಿಲ್ದಿದ್ರೆ ಆ ವರ್ಷ ಬಿತ್ತೋಕೆ ಏನಿತ್ತು?” ಅಂದಳು.

ಲಿಂಗನಮಕ್ಕಿ ಅಣೆಕಟ್ಟು ಮುಗಿದದ್ದು 1964ರಲ್ಲಿ. ಅಮ್ಮನ ತವರು ಮುಳುಗಿದ್ದು ನನಗೆ ಗೊತ್ತಿತ್ತು. ಅಜ್ಜನ ಕತೆ ನೂರು ಸಲ ಕೇಳಿದ್ದೆ. ಬೀಜದ ಭತ್ತದ ಮಾತು ಕೇಳಿದ್ದು ಅವತ್ತೇ ಮೊದಲು. ‘ದ್ವೀಪ’ದ ಬಗ್ಗೆ ಹತ್ತಿಪ್ಪತ್ತು ನಿಮಿಷ ಮಾತಾಡಬಲ್ಲ ನಾನು ಅಮ್ಮನನ್ನು ಒಮ್ಮೆಯೂ ಕೇಳಿರಲಿಲ್ಲ. ನನ್ನ ಓದಿನ ಬಗ್ಗೆ ನನಗೆ ನಾಚಿಕೆಯಾಯಿತು.

ಮಗಳು ಅಷ್ಟಕ್ಕೆ ಬಿಡಲಿಲ್ಲ. “ನನ್ನ ಫ್ರೆಂಡ್‌ನ ಆಜೋಬಾನೂ ಹೀಗೇ ಹೇಳ್ತಾರೆ. ನಮ್ಮ ಸೆಕ್ಟರಲ್ಲಿ ಅವರ ಗದ್ದೆ ಇತ್ತಂತೆ.” ಆ ಹುಡುಗಿ ಹತ್ತಿರದ ಗಾಂವ್‌ಠಾಣದವಳು, ಆಗ್ರಿ ಮನೆತನ. ನವಿ ಮುಂಬಯಿ ಕಟ್ಟಲು 1970ರಲ್ಲಿ ಸಿಡ್ಕೋ ಹುಟ್ಟಿತು. ಠಾಣೆ, ಪನ್ವೇಲ್, ಉರಣ ಭಾಗದ ಆಗ್ರಿ, ಕೋಳಿ ಜನರ ಗದ್ದೆ, ಉಪ್ಪಿನಾಗರಗಳು ಯೋಜನೆಗೆ ಹೋದವು. ದಿ.ಬಾ. ಪಾಟೀಲರ ಮುಂದಾಳತ್ವದ ಹೋರಾಟದಲ್ಲಿ, 1984ರ ಜನವರಿಯಲ್ಲಿ, ಉರಣ ಕಡೆ ಗೋಲಿಬಾರಿಗೆ ಐವರು ಸತ್ತರು. ಸ್ವಾಧೀನವಾದ ನೆಲದ ಶೇ. 12.5ರಷ್ಟನ್ನು ಅಭಿವೃದ್ಧಿಪಡಿಸಿ ಮರಳಿಸುವ ಯೋಜನೆ ಬಂದದ್ದು ಆ ಹೋರಾಟದಿಂದ. ಇದೆಲ್ಲ ನನಗೆ ಫ್ಲಾಟು ಕೊಳ್ಳುವಾಗ ದಾಖಲೆಯ ಭಾಷೆಯಲ್ಲಿ ಮಾತ್ರ ಗೊತ್ತಿತ್ತು. ಶರಾವತಿಯಲ್ಲಿ ಕಳೆದುಕೊಂಡವರ ಮೊಮ್ಮಗ ನಾನು, ಇಲ್ಲಿ ಮತ್ತೊಬ್ಬರು ಕಳೆದುಕೊಂಡ ನೆಲದಲ್ಲಿ ಮೂರನೇ ಮಹಡಿಯಲ್ಲಿದ್ದೇನೆ. ‘ಮುಳುಗಡೆಯ ಊರಿಗೆ ಬಂದವರು’ ಎಂಬ ಹೆಸರು ನನಗೂ ಒಪ್ಪುತ್ತದೆ ಅನಿಸಿತು.

ವಿಮರ್ಶೆಯನ್ನು ನಾನು ಹಳಿಯುತ್ತಿಲ್ಲ. ಒಳ್ಳೆಯ ವಿಮರ್ಶಕರು ಕೇಳುವುದೂ ಮಗಳು ಕೇಳಿದ್ದನ್ನೇ. ಯಾರ ಕತೆ, ಯಾರು ಹೇಳುತ್ತಿದ್ದಾರೆ, ಯಾರನ್ನು ಬಿಟ್ಟರು? ನಾನು ಅವರ ಉತ್ತರಗಳನ್ನು ಬಾಯಿಪಾಠ ಮಾಡಿದೆ, ಪ್ರಶ್ನೆಯನ್ನು ಮನೆಗೆ ತರಲಿಲ್ಲ. ಡಿಸೋಜರು 2025ರ ಜನವರಿಯಲ್ಲಿ ತೀರಿಕೊಂಡರು. ಅವರು ಮಕ್ಕಳಿಗಾಗಿ ಬರೆದದ್ದನ್ನು ಕೈಬಿಡುವಿನ ಕೆಲಸವೆಂದು ನಾನು ತಿಳಿದದ್ದು ತಪ್ಪೆಂದು ಹೇಳಲು ಈಗ ಈ ಲೇಖನವೇ ದಾರಿ.

ಗೋಡೆ ಒಣಗಿದ ಮೇಲೆ ಗುಡ್ಡೆಗಳನ್ನು ಬೆರೆಸಿ ಪುಸ್ತಕಗಳನ್ನು ಒಳಗಿಟ್ಟೆ. ಹುಡುಕಲು ಕಷ್ಟವಾಗುತ್ತದೆಂದು ಹೆಂಡತಿ ಅಂದಳು. ಆಗುತ್ತದೆ. ಒಳಕೋಣೆಯಲ್ಲಿ ಮಗಳು ಅಜ್ಜಿಯನ್ನು ಕೇಳುತ್ತಿದ್ದಳು, “ಭತ್ತ ಎಷ್ಟಿತ್ತು ಅಜ್ಜಿ? ಎಷ್ಟು ದೂರ ನಡೆದ್ರಿ?”