ಕೆಸರೆಯಲ್ಲೊಬ್ಬ ಹನ್ನೆರಡನೇ ಆಟಗಾರ

ಮೈಸೂರು ನೋಡೋಕೆ ಬರೋ ಫ್ರೆಂಡ್ಸ್ ಕಳಿಸೋ ಪಟ್ಟಿ ಹೆಚ್ಚುಕಮ್ಮಿ ಒಂದೇ ಥರ ಇರುತ್ತೆ. ಅರಮನೆ, ಚಾಮುಂಡಿ ಬೆಟ್ಟ, ಝೂ, ದೇವರಾಜ ಮಾರ್ಕೆಟ್, ಒಂದು ಪ್ಲೇಟ್ ಮೈಲಾರಿ ದೋಸೆ. ಕೆಸರೆ ತೋರಿಸು ಅಂತ ಇವತ್ತಿನವರೆಗೂ ಯಾರೂ ಕೇಳಿಲ್ಲ. ಅವರದ್ದೇನೂ ತಪ್ಪಿಲ್ಲ ಬಿಡಿ. ಇಲ್ಲಿ ನಿಂತು ಫೋಟೊ ತೆಗೆಸಿಕೊಳ್ಳುವಂಥ ಜಾಗ ಹುಡುಕುವುದು ಕಷ್ಟ.

ಊರಿನ ಈಶಾನ್ಯ ಮೂಲೆಯಲ್ಲಿ, ರಾಜೇಂದ್ರನಗರದ ಪಕ್ಕಕ್ಕೆ ಅಂಟಿಕೊಂಡಿದೆ ನಮ್ಮ ಕೆಸರೆ. ಮೊದಲು ಹಳ್ಳಿ, ಆಮೇಲೆ ಬಡಾವಣೆ. ಎರಡನೇ ಹಂತ, ಮೂರನೇ ಹಂತ ಅಂತ ಬೆಳೆಯುತ್ತಾ ಹೋಯಿತು. 2024ರಲ್ಲಿ ಮುಡಾ ಸೈಟುಗಳ ಸುದ್ದಿ ಬಂದಾಗ ಮಾತ್ರ ಕೆಸರೆ ಹೆಸರು ರಾಜ್ಯದ ಎಲ್ಲ ಟಿವಿಗಳಲ್ಲೂ ಓಡಿತು. ಬೆಂಗಳೂರಿನ ಕಲೀಗ್ಸ್ ಆಗ ಫೋನ್ ಮಾಡಿ, ‘ನಿಮ್ಮ ಏರಿಯಾ ಫೇಮಸ್ ಆಯ್ತಲ್ಲ ಗುರು’ ಅಂದರು.

ಊರಿಗೆ ಕೆಸರೆಯ ನಿಜವಾದ ಉಪಯೋಗ ಬೇರೆಯೇ ಇದೆ. ಮೈಸೂರಿನ ಕೊಳಚೆ ನೀರನ್ನು ಶುದ್ಧ ಮಾಡುವ ಮೂರು ಮುಖ್ಯ ಘಟಕಗಳು ವಿದ್ಯಾರಣ್ಯಪುರಂ, ರಾಯನಕೆರೆ ಮತ್ತು ಕೆಸರೆಯಲ್ಲಿವೆ. ಸ್ವಚ್ಛ ನಗರ ಅಂತ ಮೈಸೂರಿಗೆ ಪ್ರಶಸ್ತಿ ಬಂದಾಗ ಪೇಪರಿನಲ್ಲಿ ಬರೋದು ಅರಮನೆಯ ಫೋಟೊ. ಸಂಜೆ ಗಾಳಿ ತಿರುಗಿದರೆ ವಾಸನೆ ಬರೋದು ನಮ್ಮ ಕಡೆಗೆ. ಬೇಜಾರಿಂದ ಹೇಳುತ್ತಿಲ್ಲ. ತಂಡದಲ್ಲಿ ಇಂಥ ಕೆಲಸಕ್ಕೂ ಒಬ್ಬರು ಬೇಕಲ್ಲ!

ಇಷ್ಟು ದಿನ ಇದನ್ನೆಲ್ಲ ಗಮನಿಸೋಕೆ ನನಗೆ ಟೈಮೇ ಇರಲಿಲ್ಲ. ಈಗ ಇದೆ. ಎರಡು ತಿಂಗಳಿಂದ ನಾನು ಬೆಂಚ್ ಮೇಲಿದ್ದೇನೆ. ಸಾಫ್ಟ್‌ವೇರಿನವರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ. ಪ್ರಾಜೆಕ್ಟ್ ಮುಗಿದಿದೆ, ಹೊಸದು ಸಿಕ್ಕಿಲ್ಲ, ಸಂಬಳ ಬರುತ್ತಿದೆ. ಆದರೆ ಇನ್ನೊಂದು ತಿಂಗಳಲ್ಲಿ ಏನೂ ಸಿಗದಿದ್ದರೆ ಎಚ್‌ಆರ್‌ನಿಂದ ಬೇರೆ ಥರದ ಮೇಲ್ ಬರುತ್ತೆ. ಅಮ್ಮನಿಗೆ ಮಾತ್ರ ಇದು ಅರ್ಥವೇ ಆಗಲ್ಲ. ‘ಕೆಲಸ ಇಲ್ಲ, ಸಂಬಳ ಇದೆ ಅಂತೀಯಾ. ನಾಳೆ ಹೆಣ್ಣಿನ ಕಡೆಯವರು ಕೇಳಿದ್ರೆ ನಾನೇನಂತ ಹೇಳಲೋ?’ ಅನ್ನುತ್ತಾರೆ. ಉತ್ತರ ನನ್ನ ಹತ್ತಿರವೂ ಇಲ್ಲ. ಮೂವತ್ತು ವರ್ಷ, ಹೋಮ್ ಲೋನ್, ತಲೆಯ ಮೇಲೆ ಕ್ಯಾಲೆಂಡರ್. ಮನೆಯಲ್ಲಿ ಕೂರೋಕಾಗದೆ ಸಂಜೆ ನಡೆಯೋಕೆ ಶುರು ಮಾಡಿದೆ.

ನಡೆಯುವವನಿಗೆ ಕೆಸರೆಯಲ್ಲಿ ಕಾಣೋದು ಖಾಲಿ ಸೈಟುಗಳು. ಮನೆ ಏಳದ ಕಡೆಯೆಲ್ಲ ಕ್ರಿಕೆಟ್ಟು. ಮೂರು ಇಟ್ಟಿಗೆಯ ವಿಕೆಟ್, ಟೆನಿಸ್ ಬಾಲು, ಗೋಡೆ ದಾಟಿದರೆ ಔಟು. ಜನ ಬೆಸ ಸಂಖ್ಯೆಯಾದರೆ ಉಳಿದವನೊಬ್ಬ ‘ಜೋಕರ್’. ಎರಡೂ ಕಡೆ ಬ್ಯಾಟ್ ಮಾಡ್ತಾನೆ, ಎರಡೂ ಕಡೆ ಓಡ್ತಾನೆ, ಯಾರು ಗೆದ್ದರೂ ಅವನ ಗೆಲುವಲ್ಲ.

ಅಂಥ ಒಂದು ಸೈಟಿನ ಎದುರಿಗೆ ಒಂದು ಬೈಕ್ ರಿಪೇರಿ ಅಂಗಡಿ. ನಡೆಸುವ ಅಣ್ಣನಿಗೆ ಐವತ್ತು ದಾಟಿದೆ. ಒಂದು ದಿನ ಬಾಲು ಅಂಗಡಿಯೊಳಗೆ ಬಂತು. ಕೈಯಲ್ಲಿ ಸ್ಪ್ಯಾನರ್ ಹಿಡಿದೇ ಎಡಗೈಯಲ್ಲಿ ಬಾಲೆತ್ತಿ ಬಲಗೈಗೆ ಬದಲಿಸಿ ಎಸೆದರು ನೋಡಿ, ನೇರ ಇಟ್ಟಿಗೆಗೆ ಬಿತ್ತು. ‘ಆಡ್ತಿದ್ರಾ ಅಣ್ಣ?’ ಅಂದೆ.

‘ಆಡ್ತಿರ್ಲಿಲ್ಲ. ಟೀಮಲ್ಲಿದ್ದೆ’ ಅಂದರು.

ಎರಡಕ್ಕೂ ಇರೋ ವ್ಯತ್ಯಾಸ ಅವರೇ ವಿವರಿಸಿದರು. ಮೈಸೂರಿನ ಲೀಗ್ ತಂಡವೊಂದರಲ್ಲಿ ಏಳು ಸೀಸನ್ ಇದ್ದರಂತೆ. ಹೆಚ್ಚಿನ ಮ್ಯಾಚುಗಳಿಗೆ ಹನ್ನೆರಡನೇ ಆಟಗಾರ. ಹನ್ನೊಂದರೊಳಗೆ ಬಂದದ್ದು ಒಂಬತ್ತೇ ಸಲ. ಉಳಿದಂತೆ ನೀರು, ಟವೆಲ್, ಒಣ ಗ್ಲೌಸ್, ಕ್ಯಾಪ್ಟನ್‌ಗೆ ಚೀಟಿ. ಯಾರಿಗಾದರೂ ಕಾಲು ಹಿಡಿದುಕೊಂಡರೆ ಬೌಂಡರಿ ಹತ್ತಿರ ಫೀಲ್ಡಿಂಗ್. ಕ್ಯಾಚ್ ಹಿಡಿದರೂ ಸ್ಕೋರ್ ಬುಕ್ಕಿನಲ್ಲಿ ‘ಸಬ್’ ಅಂತ ಬರೆಯುತ್ತಿದ್ದರಂತೆ.

ಕ್ರಿಕೆಟ್ಟಿನ ಕಾನೂನೂ ಇವರಿಗೆ ಕಟ್ಟುನಿಟ್ಟು. ನಿಯಮದ ಪ್ರಕಾರ ಬದಲಿ ಫೀಲ್ಡರ್ ಬ್ಯಾಟ್ ಮಾಡುವಂತಿಲ್ಲ, ಬೌಲ್ ಮಾಡುವಂತಿಲ್ಲ, ಕ್ಯಾಪ್ಟನ್ ಆಗುವಂತಿಲ್ಲ. ನಮ್ಮ ಹಳೆಯ ಕ್ಲೈಂಟ್ ಅಮೆರಿಕದವರು, ಬೇಸ್‌ಬಾಲ್ ಹುಚ್ಚು. ಅಲ್ಲಿ ಔಟ್‌ಫೀಲ್ಡಿಗೆ ಮೂರು ಜನ, ಆಮೇಲೆ ಬೆಂಚಿನಲ್ಲಿ ನಾಲ್ಕನೆಯವನು. ಅವನು ಒಳಗೆ ಬಂದರೆ ಬ್ಯಾಟನ್ನೂ ಹಿಡಿಯುತ್ತಾನೆ, ಹೊರಗೆ ಹೋದವನು ಆ ಮ್ಯಾಚಿಗೆ ವಾಪಸ್ ಬರುವಂತಿಲ್ಲ. ನಮ್ಮಲ್ಲಿ ಉಲ್ಟಾ. ಕಾಲು ಸರಿಯಾದ ಕೂಡಲೇ ಯಜಮಾನ ಬರುತ್ತಾನೆ, ಬದಲಿಯವನು ಬಾಟಲಿಗಳ ಹತ್ತಿರ ಹೋಗುತ್ತಾನೆ.

ಶ್ರೀನಾಥ್ ಕಥೆ ಅಣ್ಣನಿಗೆ ಬಾಯಿಪಾಠ. ಮೈಸೂರಿನ ಹುಡುಗ, ಎಸ್‌ಜೆಸಿಇಯಲ್ಲಿ ಎಂಜಿನಿಯರಿಂಗ್ ಓದಿದವರು. 1989-90ರಲ್ಲಿ ಹೈದರಾಬಾದ್ ಎದುರು ಮೊದಲ ರಣಜಿ ಪಂದ್ಯದಲ್ಲೇ ಹ್ಯಾಟ್ರಿಕ್. 1991ರ ನವೆಂಬರಿನಲ್ಲಿ ಬ್ರಿಸ್ಬೇನ್‌ನಲ್ಲಿ ಮೊದಲ ಟೆಸ್ಟ್. ಆಮೇಲೆ ಭಾರತ ತವರಿನಲ್ಲಿ ಆಡಿದ ಏಳು ಟೆಸ್ಟ್‌ಗಳಲ್ಲಿ ಅವರ ಹೆಸರಿಲ್ಲ. 1993ರಲ್ಲಿ ಇಂಗ್ಲೆಂಡ್ ಎದುರು ಮೂರು, ಜಿಂಬಾಬ್ವೆ ಎದುರು ಒಂದು, 1994ರಲ್ಲಿ ಶ್ರೀಲಂಕಾ ಎದುರು ಮೂರು. ಕಾರಣ ಸರಳ. ನಮ್ಮ ಪಿಚ್‌ಗಳಿಗೆ ಕುಂಬ್ಳೆ, ಚೌಹಾಣ್, ರಾಜು ಅಂತ ಮೂವರು ಸ್ಪಿನ್ನರ್‌ಗಳು. ಹೊಸ ಬಾಲಿಗೆ ಕಪಿಲ್ ಮತ್ತು ಪ್ರಭಾಕರ್. ಹ್ಯಾಡ್ಲಿಯ 431 ವಿಕೆಟ್ ದಾಖಲೆ ದಾಟುವ ಹಾದಿಯಲ್ಲಿದ್ದ ಕಪಿಲ್ ಅವರನ್ನು ಕೂರಿಸುವವರು ಯಾರು? ಆ ಏಳರಲ್ಲಿ ಒಂದು ಟೆಸ್ಟ್ ನಡೆದದ್ದು ನಮ್ಮ ಚಿನ್ನಸ್ವಾಮಿಯಲ್ಲೇ. ಮೈಸೂರಿಂದ ರೈಲು ಹತ್ತಿದರೆ ಮೂರು ಗಂಟೆ!

1994ರ ನವೆಂಬರಿನಲ್ಲಿ, ಕಪಿಲ್ ನಿವೃತ್ತಿಯ ನಂತರ, ವಾಂಖೆಡೆಯಲ್ಲಿ ವೆಸ್ಟ್ ಇಂಡೀಸ್ ಎದುರು ಶ್ರೀನಾಥ್ ತವರಿನ ಮೊದಲ ಟೆಸ್ಟ್ ಆಡಿದರು. ಎರಡನೇ ಇನಿಂಗ್ಸ್‌ನಲ್ಲಿ 60 ರನ್ ಕೂಡ ಹೊಡೆದರು. ಭಾರತ 96 ರನ್‌ಗಳಿಂದ ಗೆದ್ದಿತು. ಕೊನೆಗೆ ಅವರ ಲೆಕ್ಕ 67 ಟೆಸ್ಟ್, 236 ವಿಕೆಟ್.

ಕಥೆ ಇಲ್ಲಿಗೇ ನಿಲ್ಲಿಸಿದ್ದರೆ ಲಿಂಕ್ಡ್‌ಇನ್ ಪೋಸ್ಟ್ ಆಗುತ್ತಿತ್ತು: ತಾಳಿದವನು ಬಾಳಿಯಾನು, ಲೈಕ್ ಮಾಡಿ. ಅಣ್ಣ ನಿಲ್ಲಿಸಲಿಲ್ಲ. ‘ಶ್ರೀನಾಥ್‌ಗೆ ಗಾಯ ಆದಾಗ ಯಾರು ಬಂದ್ರು ಗೊತ್ತಾ?’ ಅಂತ ಕೇಳಿದರು.

ಬಂದವರು ಡೇವಿಡ್ ಜಾನ್ಸನ್. 1996ರ ಅಕ್ಟೋಬರ್, ದೆಹಲಿಯಲ್ಲಿ ಆಸ್ಟ್ರೇಲಿಯಾ ಎದುರಿನ ಟೆಸ್ಟ್. ಕುಂಬ್ಳೆ, ದ್ರಾವಿಡ್, ವೆಂಕಟೇಶ್ ಪ್ರಸಾದ್, ಸುನೀಲ್ ಜೋಶಿ ಜೊತೆ ಜಾನ್ಸನ್, ಒಂದೇ ತಂಡದಲ್ಲಿ ಐವರು ಕನ್ನಡಿಗರು. ಅದೇ ಡಿಸೆಂಬರಿನಲ್ಲಿ ಡರ್ಬನ್‌ನಲ್ಲಿ ಇನ್ನೊಂದು ಟೆಸ್ಟ್. ಒಟ್ಟು ಎರಡು ಟೆಸ್ಟ್, ಮೂರು ವಿಕೆಟ್, ಅಷ್ಟೇ. 2024ರ ಜೂನ್‌ನಲ್ಲಿ ತೀರಿಕೊಂಡರು. ‘ಅವ್ರು ತಾಳಲಿಲ್ವಾ? ತಾಳಿದ್ರು. ಜಾಗ ಖಾಲಿ ಆಗ್ಲಿಲ್ಲ, ಅಷ್ಟೇ’ ಅಂದರು ಅಣ್ಣ, ಚೈನಿಗೆ ಎಣ್ಣೆ ಬಿಡುತ್ತಾ.

ಮನೆಗೆ ಬಂದು ನಾನೂ ಹುಡುಕಿದೆ. 1983ರಲ್ಲಿ ಅಹಮದಾಬಾದ್‌ನಲ್ಲಿ ವೆಸ್ಟ್ ಇಂಡೀಸ್ ಎದುರು ಗುರುಶರಣ್ ಸಿಂಗ್ ಬದಲಿ ಫೀಲ್ಡರ್ ಆಗಿ ನಾಲ್ಕು ಕ್ಯಾಚ್ ಹಿಡಿದರು. ಟೆಸ್ಟ್‌ನಲ್ಲಿ ಹಾಗೆ ಹಿಡಿದ ಮೊದಲ ಬದಲಿ ಆಟಗಾರ ಅವರೇ. ಆದರೆ ಆ ಪಂದ್ಯ ಅವರ ಲೆಕ್ಕಕ್ಕೆ ಸೇರಲ್ಲ. ಅವರ ಒಂದೇ ಒಂದು ಟೆಸ್ಟ್ ಬಂದದ್ದು 1990ರಲ್ಲಿ, ಆಕ್ಲೆಂಡ್‌ನಲ್ಲಿ. 2005ರ ಆ್ಯಶಸ್‌ನಲ್ಲಿ ಪಾಂಟಿಂಗ್‌ರನ್ನು ರನ್ ಔಟ್ ಮಾಡಿದ ಗ್ಯಾರಿ ಪ್ರಾಟ್ ಟೆಸ್ಟ್ ಆಡಲೇ ಇಲ್ಲ. ಮರುವರ್ಷ ಅವರ ಕೌಂಟಿ ಡರ್ಹಮ್ ಕೂಡ ಕೈಬಿಟ್ಟಿತು. ಇನ್ನೊಂದು ಕಡೆ ಮಾರ್ನಸ್ ಲಾಬುಶೇನ್. ತಲೆಗೆ ಪೆಟ್ಟಾದವರ ಬದಲಿಗೆ ಪೂರ್ತಿ ಆಡಬಹುದು ಅನ್ನೋ ನಿಯಮ ಟೆಸ್ಟ್‌ಗೆ ಬಂದದ್ದು 2019ರ ಆಗಸ್ಟ್‌ನಲ್ಲಿ. ಅದೇ ತಿಂಗಳು ಲಾರ್ಡ್ಸ್‌ನಲ್ಲಿ ಸ್ಮಿತ್ ಬದಲು ಇಳಿದು 59 ಹೊಡೆದರು. ಎರಡೂವರೆ ವರ್ಷದೊಳಗೆ ಟೆಸ್ಟ್ ರ‍್ಯಾಂಕಿಂಗ್‌ನಲ್ಲಿ ನಂಬರ್ ಒನ್. ನಿಯಮ ಎರಡು ವಾರ ತಡವಾಗಿದ್ದರೆ?

ಒಂದು ಭಾನುವಾರ ಅಣ್ಣನನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಊರಿನ ಇನ್ನೊಂದು ತುದಿಗೆ, ಮಾನಸಗಂಗೋತ್ರಿಯ ಗಂಗೋತ್ರಿ ಗ್ಲೇಡ್ಸ್ ಮೈದಾನಕ್ಕೆ ಹೋದೆ. ಸುತ್ತ ಮರಗಳಿರುವ ಚಂದದ ಮೈದಾನ. 2010ರ ಜನವರಿಯಲ್ಲಿ ಇಲ್ಲೇ ರಣಜಿ ಫೈನಲ್ ನಡೆದದ್ದು. ಮುಂಬೈ ಎದುರು 338 ಬೇಕಿತ್ತು, ಮನೀಶ್ ಪಾಂಡೆ 144 ಹೊಡೆದರು, ಕರ್ನಾಟಕ 6 ರನ್‌ಗಳಿಂದ ಸೋತಿತು. ನಾನಾಗ ಹೈಸ್ಕೂಲ್. ಜನ ಮರ ಹತ್ತಿ ನೋಡಿದ್ದರು. ಆ ಸೋಲು ನೆನೆದರೆ ಮೈಸೂರಿನವರಿಗೆ ಈಗಲೂ ಹೊಟ್ಟೆಯಲ್ಲಿ ಸಂಕಟ.

ಅಣ್ಣ ನೋಡಿದ್ದು ಪಿಚ್ ಕಡೆಗಲ್ಲ. ಬೌಂಡರಿ ಗೆರೆಯ ಉದ್ದಕ್ಕೂ ನಡೆದರು. ‘ಇಲ್ಲಿ ಇಳಿಜಾರು, ಬಾಲು ಬೇಗ ಬರುತ್ತೆ. ಸಂಜೆ ಈ ಕಡೆ ಬಿಸಿಲು ಕಣ್ಣಿಗೆ ಹೊಡಿಯುತ್ತೆ’ ಅಂತ ತೋರಿಸುತ್ತಾ ಹೋದರು. ಅವರ ಪ್ರಕಾರ ಹೊರಗೆ ಕೂತವನ ಕೆಲಸ ಕಾಯುವುದಲ್ಲ, ನೋಡುವುದು. ಯಾವ ಬ್ಯಾಟ್ಸ್‌ಮನ್ ಯಾವ ಕಡೆ ಎತ್ತುತ್ತಾನೆ, ಗಾಳಿ ಎತ್ತ ಕಡೆಗಿದೆ, ಯಾರ ಮಂಡಿ ನೋಯುತ್ತಿದೆ. ಕರೆ ಬಂದಾಗ ವಾರ್ಮಪ್‌ಗೆ ಟೈಮ್ ಕೊಡಲ್ಲ, ಮೊದಲ ಬಾಲೇ ನಿನ್ನ ಹತ್ತಿರ ಬರಬಹುದು.

‘ಏಳು ವರ್ಷ ವೇಸ್ಟ್ ಆಯ್ತು ಅನ್ಸಲ್ವಾ ಅಣ್ಣ?’ ಕೇಳಬಾರದಿತ್ತೇನೋ, ಆದರೂ ಕೇಳಿದೆ.

ಸ್ವಲ್ಪ ಹೊತ್ತು ಸುಮ್ಮನಿದ್ದರು. ‘ಅನ್ಸುತ್ತೆ. ಇಪ್ಪತ್ತೆಂಟಕ್ಕೆ ಬಿಟ್ಟೆ. ಮನೆ ನಡೀಬೇಕಿತ್ತು. ಎರಡು ವರ್ಷ ಮುಂಚೆನೇ ಬಿಟ್ಟಿದ್ರೆ ಅಂಗಡಿ ದೊಡ್ಡದಾಗ್ತಿತ್ತು. ಆದ್ರೆ ಆ ಏಳು ವರ್ಷ ನನ್ನ ಕೈಯಿಂದ ಒಂದು ಬಾಲೂ ಬಿಟ್ಟಿಲ್ಲ ಕಣಪ್ಪ.’

ನನಗೆ ಸಮಾಧಾನ ಹೇಳೋಕೆ ಅವರು ಹಾಗಂದದ್ದಲ್ಲ. ಅದಕ್ಕೇ ಇರಬೇಕು, ಆ ಮಾತು ತಲೆಯಲ್ಲಿ ಉಳಿಯಿತು. ಬಿಡೋಕೂ ಒಂದು ದಿನ ಇರುತ್ತೆ, ಅದನ್ನು ನಾವೇ ಗೊತ್ತು ಮಾಡಿಕೊಳ್ಳಬೇಕು. ಅಲ್ಲಿಯವರೆಗೆ ಕೈ ತಣ್ಣಗಾಗಬಾರದು. ಮರುದಿನವೇ ಕ್ಯಾಲೆಂಡರಿನಲ್ಲಿ ಒಂದು ತಾರೀಕಿಗೆ ಗುರುತು ಹಾಕಿದೆ. ಅಷ್ಟರೊಳಗೆ ಪ್ರಾಜೆಕ್ಟ್ ಸಿಗದಿದ್ದರೆ ಎಚ್‌ಆರ್ ಮೇಲ್ ಬರುವ ಮುಂಚೆ ನಾನೇ ಹೊರಗಿನ ಇಂಟರ್‌ವ್ಯೂಗಳಿಗೆ ಹೋಗುತ್ತೇನೆ. ಬೆಳಗ್ಗೆ ಮೂರು ಗಂಟೆ ಓದು ಶುರುವಾಗಿದೆ. ಅಮ್ಮನಿಗೂ ಹೇಳಿದ್ದೇನೆ, ಯಾರಾದರೂ ಕೇಳಿದರೆ ‘ಟೀಮಲ್ಲಿದ್ದಾನೆ’ ಅನ್ನಿ ಅಂತ. ನಕ್ಕರು, ಪೂರ್ತಿ ಒಪ್ಪಿಲ್ಲ.

ಮೈಸೂರಿಗೆ ಬಂದರೆ ಅರಮನೆ ನೋಡಿ, ಬೆಟ್ಟ ಹತ್ತಿ. ಟೈಮ್ ಉಳಿದರೆ ಸಂಜೆ ಐದರ ಮೇಲೆ ಕೆಸರೆ ಕಡೆ ಬನ್ನಿ. ನೋಡೋಕೆ ಏನೂ ಇಲ್ಲ. ಆದರೆ ಯಾವುದಾದರೊಂದು ಖಾಲಿ ಸೈಟಿನಲ್ಲಿ ಒಬ್ಬ ಕಡಿಮೆ ಇದ್ದೇ ಇರುತ್ತಾರೆ, ಕರೆದರೆ ಫೀಲ್ಡಿಂಗಿಗೆ ನಿಲ್ಲಿ. ಬ್ಯಾಟಿಂಗ್ ಸಿಗುತ್ತೆ ಅಂತ ಮಾತ್ರ ಮಾತು ಕೊಡಲಾರೆ.