ಹದಿನೆಂಟು ಉಗುರಿನ ಒಡತಿ

ನಾಯಿಯ ಬಾಲದ ಮೇಲೆ ನಮ್ಮಲ್ಲಿ ಗಾದೆಯಿದೆ, ಬೊಗಳುವುದರ ಮೇಲಿದೆ, ಹೇಳಿದ ಕೆಲಸವನ್ನು ಅದು ತನ್ನ ಬಾಲಕ್ಕೆ ವಹಿಸಿ ಮಲಗುವುದರ ಮೇಲೂ ಇದೆ. ಉಗುರಿನ ಮೇಲೆ ಮಾತ್ರ ಯಾರೂ ಗಾದೆ ಕಟ್ಟಿದ ಹಾಗಿಲ್ಲ. ಗಾದೆ ಕಟ್ಟುವವರು ಇದ್ದ ಕಾಲದಲ್ಲಿ ನಾಯಿಗೆ ಉಗುರಿನ ತಾಪತ್ರಯವೇ ಇರಲಿಲ್ಲವೇನೋ. ಅಂಗಳದ ಜಂಬಿಟ್ಟಿಗೆ ಕಲ್ಲು, ತೋಟದ ದಾರಿಯ ನೊರಜು, ದನದ ಹಿಂದೆ ಗುಡ್ಡ ಹತ್ತಿ ಇಳಿಯುವ ಓಡಾಟ, ಇವೆಲ್ಲ ಸೇರಿ ಬೆಳೆದಷ್ಟನ್ನು ಬೆಳೆದ ಹಾಗೇ ತೇಯ್ದುಬಿಡುತ್ತಿದ್ದವು. ಧರ್ಮರಾಯನ ಬೆನ್ನು ಹಿಡಿದು ಹಿಮಾಲಯ ಹತ್ತಿದ ಆ ನಾಯಿಗಂತೂ ಸ್ವರ್ಗದ ಬಾಗಿಲು ತಲುಪುವ ಹೊತ್ತಿಗೆ ಉಗುರು ಉಳಿದಿತ್ತೇ ಎಂಬುದೇ ನನ್ನ ಅನುಮಾನ.

ತೀರ್ಥಹಳ್ಳಿ ಕಡೆಯ ನಮ್ಮ ಹಳೇ ಮನೆಯಲ್ಲಿ ಕಾಳು ಎಂಬ ನಾಯಿ ಇದ್ದ. ಬಚ್ಚಲೊಲೆಯ ಬೂದಿಯಲ್ಲಿ ಮಲಗುವುದು, ಬೆಳಗಾದರೆ ಮೈ ಕೊಡವಿ ಊರು ಸುತ್ತುವುದು. ಅವನ ಉಗುರನ್ನು ಮನೆಯಲ್ಲಿ ಯಾರೂ ನೋಡಿದವರಲ್ಲ, ನೋಡಹೋಗಿದ್ದರೆ ಅವನು ಸುಮ್ಮನಿರುತ್ತಲೂ ಇರಲಿಲ್ಲ. ಈಗ ಬೆಂಗಳೂರಿನ ಮೂರನೇ ಮಹಡಿಯಲ್ಲಿ ನಮ್ಮ ಜೊತೆ ಇರುವವಳು ರಾಗಿ. ಬಣ್ಣಕ್ಕೆ ತಕ್ಕ ಹೆಸರು, ಬೀದಿಯಿಂದ ಬಂದ ದೇಸಿ ತಳಿ. ಅವಳ ಕಾಲಿಗೆ ಸಿಗುವುದು ಮುಖ ಕಾಣುವಷ್ಟು ನುಣುಪಾದ ವಿಟ್ರಿಫೈಡ್ ಟೈಲ್ಸು, ಲಿಫ್ಟಿನ ಸ್ಟೀಲು, ಆಮೇಲೆ ಬೆಳಿಗ್ಗೆ ಸಂಜೆ ಒಂದಿಷ್ಟು ಡಾಂಬರು. ಡಾಂಬರಿನ ಮೇಲೂ ನಡಿಗೆಗಿಂತ ಮೂಸುವುದೇ ಹೆಚ್ಚು. ಹೀಗಾಗಿ ನಮ್ಮ ಮನೆಯಲ್ಲಿ ರಾತ್ರಿ ಅವಳು ನೀರು ಕುಡಿಯಲು ಎದ್ದರೆ ಟಕ, ಟಕ, ಟಕ ಎಂದು ಹಾಲಿನಿಂದ ಅಡುಗೆಮನೆಯವರೆಗೆ ಅವಳ ಪ್ರಯಾಣದ ವಿವರ ಮಲಗಿದವರಿಗೆಲ್ಲ ಗೊತ್ತಾಗುತ್ತದೆ.

ಆ ಸದ್ದು ಮುದ್ದಾಗಿ ಕೇಳುತ್ತದೆ, ನಿಜ. ಆದರೆ ಸಮತಟ್ಟಾದ ನೆಲದ ಮೇಲೆ ನಾಯಿ ಸುಮ್ಮನೆ ನಿಂತಿರುವಾಗ ಅದರ ಉಗುರು ನೆಲಕ್ಕೆ ತಾಗಬಾರದು. ತಾಗಿದರೆ ನೆಲ ಉಗುರನ್ನು ಒತ್ತುತ್ತದೆ, ಉಗುರು ಬೆರಳನ್ನು ಮೇಲಕ್ಕೋ ಪಕ್ಕಕ್ಕೋ ತಳ್ಳುತ್ತದೆ. ನಾಯಿ ನಡೆಯುವುದೇ ಬೆರಳುಗಳ ಮೇಲೆ, ನಮ್ಮ ಹಾಗೆ ಅಂಗಾಲೂರಿ ಅಲ್ಲ. ಹೀಗೆ ಬೆರಳು ಓರೆಯಾದ ನಾಯಿ ಭಾರವನ್ನೆಲ್ಲ ಹಿಂದಕ್ಕೆ ಹಾಕಿ, ಬೆನ್ನು ಸ್ವಲ್ಪ ಗೂನು ಮಾಡಿಕೊಂಡು ನಿಲ್ಲುವುದನ್ನು ಕಲಿಯುತ್ತದೆ. ಚಿಕ್ಕ ವಯಸ್ಸಿನಲ್ಲಿ ಹೇಗೋ ನಡೆದುಹೋಗುತ್ತದೆ. ಸೊಂಟ ಹಿಡಿದುಕೊಂಡ ಮುದಿ ನಾಯಿ ಟೈಲ್ಸಿನ ಮೇಲೆ ಹಿಂಗಾಲು ಜಾರಿ ಕೂರುವಾಗ ನಾವು ವಯಸ್ಸನ್ನು ದೂರುತ್ತೇವೆ. ವಯಸ್ಸಿನ ಜೊತೆ ಉದ್ದುಗುರೂ ಕೈಜೋಡಿಸಿರುತ್ತದೆ.

ಉಗುರಿರುವುದು ನೆಲ ಹಿಡಿಯಲಿಕ್ಕೆ. ಬೆಕ್ಕಿನ ಹಾಗೆ ಒಳಗೆಳೆದುಕೊಂಡು ಬೇಕೆಂದಾಗ ಹೊರತೆಗೆಯುವ ಸೌಲಭ್ಯ ನಾಯಿಗಿಲ್ಲ. ಅದರದ್ದು ಯಾವಾಗಲೂ ಹೊರಗೇ. ಓಡುವಾಗ, ಥಟ್ಟನೆ ತಿರುಗುವಾಗ ಮಣ್ಣಿಗೆ ನಾಟಿ ಜಾರದಂತೆ ಹಿಡಿಯುವುದು ಈ ಮೊಂಡು ಉಗುರೇ. ಬಾಗಲಕೋಟೆ ಜಿಲ್ಲೆಯ ಎರೆಹೊಲಗಳಲ್ಲಿ ಮೊಲದ ಹಿಂದೆ ಬಿದ್ದ ಮುಧೋಳ ನಾಯಿ ಓಟದ ನಡುವೆ ತಿರುಗುವುದನ್ನು ನೋಡಿದವರಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ. 2005ರಲ್ಲಿ ಅಂಚೆ ಚೀಟಿಯ ಮೇಲೂ ಬಂದ ತಳಿ ಅದು. ಬೆಂಗಳೂರಿನ ಕಸ್ತೂರಬಾ ರಸ್ತೆಯ ಸರ್ಕಾರಿ ಮ್ಯೂಸಿಯಂಗೆ ಹೋದಾಗಲೆಲ್ಲ ನಾನು ಆತಕೂರು ಶಾಸನದ ಮುಂದೆ ಸ್ವಲ್ಪ ಹೆಚ್ಚು ಹೊತ್ತು ನಿಲ್ಲುತ್ತೇನೆ. ಕ್ರಿ.ಶ. 949-50ರ ಕಲ್ಲು. ಗಂಗರ ಇಮ್ಮಡಿ ಬೂತುಗ ತನ್ನ ಯೋಧ ಮಣಲೆರನ ಶೌರ್ಯಕ್ಕೆ ಮೆಚ್ಚಿ ಏನು ಬೇಕೋ ಕೇಳು ಎಂದಾಗ ಅವನು ಊರು ಕೇರಿ ಕೇಳದೆ ಕಾಳಿ ಎಂಬ ಬೇಟೆನಾಯಿಯನ್ನು ಕೇಳಿದ. ಆ ಕಾಳಿಯನ್ನು ದೊಡ್ಡದೊಂದು ಹಂದಿಯ ಮೇಲೆ ಬಿಟ್ಟಾಗ ನಾಯಿ ಹಂದಿ ಎರಡೂ ಕಾದಾಡಿ ಸತ್ತವು. ಮಂಡ್ಯ ಸೀಮೆಯ ಆತಕೂರಿನ ಗುಡಿಯ ಮುಂದೆ ನಾಯಿಗಾಗಿ ಕಲ್ಲು ನಿಂತಿತು. ಅರಸನ ವರವನ್ನು ಇಷ್ಟು ಚೆನ್ನಾಗಿ ಬಳಸಿಕೊಂಡ ಇನ್ನೊಬ್ಬನನ್ನು ನಾನು ಚರಿತ್ರೆಯಲ್ಲಿ ಕಂಡಿಲ್ಲ. ಅಲ್ಲಿಂದ ಮನೆಗೆ ಬಂದು ಬಾಗಿಲು ತೆಗೆದರೆ ಕಾಳಿಯ ಕುಲದವಳಾದ ರಾಗಿ ಸ್ವಾಗತಕ್ಕೆ ಓಡಿಬಂದು, ತಿರುವಿನಲ್ಲಿ ಹಿಡಿತ ಸಿಗದೆ ಸೋಫಾದ ಕಾಲಿಗೆ ಡಿಕ್ಕಿ ಹೊಡೆಯುತ್ತಾಳೆ.

ಒಂದು ಪಂಜವನ್ನು ಕೈಯಲ್ಲಿ ಹಿಡಿದು ನೋಡಿ. ಸಾಮಾನ್ಯವಾಗಿ ನಾಯಿಗೆ ಹದಿನೆಂಟು ಉಗುರು: ಕಾಲಿಗೆ ನಾಲ್ಕರಂತೆ ಹದಿನಾರು, ಮುಂಗಾಲಿನ ಒಳಮಗ್ಗುಲಲ್ಲಿ ಸ್ವಲ್ಪ ಮೇಲೆ ಒಂದೊಂದು. ಕೆಲವು ತಳಿಗಳಿಗೆ ಹಿಂಗಾಲಿನಲ್ಲೂ ಇರುತ್ತದೆ. ಮೇಲಿನ ಆ ಉಗುರನ್ನು ಡಾಕ್ಟರುಗಳು ಡ್ಯೂ ಕ್ಲಾ ಎನ್ನುತ್ತಾರೆ. ಹೆಬ್ಬೆರಳೆಂದೇ ಇಟ್ಟುಕೊಳ್ಳೋಣ, ಯಾಕೆಂದರೆ ಮೂಳೆ ಕಡಿಯುವಾಗ ರಾಗಿ ಅದನ್ನು ಒತ್ತಿಹಿಡಿಯುವುದು ಹೆಬ್ಬೆರಳಿನ ಹಾಗೇ. ನಡೆಯುವಾಗ ಅದು ನೆಲಕ್ಕೆ ತಾಗುವುದಿಲ್ಲ. ನೆಲಕ್ಕೆ ತಾಗದ ಉಗುರು ಸವೆಯುವುದೂ ಇಲ್ಲ. ಹಾಗಾಗಿ ಕುಡುಗೋಲಿನಂತೆ ಬಾಗುತ್ತ ಬಾಗುತ್ತ ಸುತ್ತಿ ಬಂದು ಕೊನೆಗೆ ತನ್ನದೇ ಮಾಂಸಕ್ಕೆ ಚುಚ್ಚಿಕೊಳ್ಳುತ್ತದೆ. ಕೂದಲು ದಟ್ಟವಾಗಿರುವ ನಾಯಿಗಳಲ್ಲಿ ಇದು ಕಣ್ಣಿಗೇ ಬೀಳುವುದಿಲ್ಲ. ಕೀವಾಗಿ ವಾಸನೆ ಬಂದ ಮೇಲೆ ಆಸ್ಪತ್ರೆಗೆ ಹೊತ್ತುಕೊಂಡು ಓಡುತ್ತಾರೆ.

ಉಗುರಿನ ಹೊರಚಿಪ್ಪು ಕೆರಾಟಿನ್. ನಮ್ಮ ಕೂದಲು, ಎತ್ತಿನ ಕೊಂಬಿನ ಹೊರಪದರ ಎಲ್ಲ ಆದದ್ದೂ ಅದರಿಂದಲೇ. ಅದನ್ನು ಕತ್ತರಿಸಿದರೆ ನೋವಿಲ್ಲ. ಅದರೊಳಗೆ ರಕ್ತನಾಳ, ನರ ಎರಡೂ ಹರಿದಾಡುವ ಹಸಿಭಾಗವಿದೆ. ಅದರ ಬುಡದಲ್ಲಿ ಬೆರಳಿನ ಕೊನೆಯ ಮೂಳೆಯೇ ಇದೆ. ಬಿಳಿ ಉಗುರಾದರೆ ಈ ಹಸಿಭಾಗ ಹೊರಗಿನಿಂದಲೇ ಗುಲಾಬಿಯಾಗಿ ಕಾಣುತ್ತದೆ. ರಾಗಿಯದು ಕರೀ ಉಗುರು, ಏನೂ ಕಾಣುವುದಿಲ್ಲ. ಕಾಗದದ ದಪ್ಪದಷ್ಟೇ ತೆಗೆಯುತ್ತ ಪ್ರತಿ ಸಲವೂ ಕೊಯ್ದ ಮುಖವನ್ನು ನೋಡಬೇಕು. ಮೊದಲು ಒಣ, ಸುಣ್ಣದಂಥ ಬಿಳಿ ಪುಡಿ. ಆಮೇಲೆ ನಡುವೆ ಒದ್ದೆಯಾದ, ಬೂದುಬಣ್ಣದ ಒಂದು ಚುಕ್ಕಿ ಮೂಡುತ್ತದೆ. ಅಲ್ಲಿಗೆ ನಿಲ್ಲಿಸಬೇಕು, ಅದರಾಚೆ ರಕ್ತ.

ಉದ್ದ ಬಿಟ್ಟ ಉಗುರಿನಲ್ಲಿ ಹಸಿಭಾಗವೂ ಜೊತೆಗೇ ಉದ್ದ ಬೆಳೆದಿರುತ್ತದೆ. ಒಂದೇ ದಿನ ಗಿಡ್ಡ ಮಾಡುತ್ತೇನೆಂದು ಹೊರಟರೆ ರಕ್ತ ಖಂಡಿತ. ವಾರಕ್ಕೊಮ್ಮೆ ತುದಿ ಮಾತ್ರ ತೆಗೆಯುತ್ತ ಬಂದರೆ ಹಸಿಭಾಗ ತಾನಾಗಿ ಹಿಂದೆ ಸರಿಯುತ್ತದೆ. ಒಂದೆರಡು ತಿಂಗಳಲ್ಲಿ ಉಗುರು ಹದಕ್ಕೆ ಬರುತ್ತದೆ. ಈ ತಾಳ್ಮೆ ನಮ್ಮ ಮೇಲಿನ ಮನೆಯ ಮೇಷ್ಟ್ರಿಗೆ ಇರಲಿಲ್ಲ. ನಿವೃತ್ತರಾದ ಮೇಲೆ ಮನೆಯ ರಿಪೇರಿಯನ್ನೆಲ್ಲ ತಾವೇ ಮಾಡುವ ಪಣ ತೊಟ್ಟವರು. ಅವರ ಲ್ಯಾಬ್ರಡಾರ್ ಬ್ರೂನೋಗೆ ಟೂಲ್‌ಬಾಕ್ಸಿನ ಕಟಿಂಗ್ ಪ್ಲೇಯರ್ ಹಿಡಿದು ಕೂತರು. ಉಗುರಲ್ಲಿ ಹೋಗುವುದಕ್ಕೆ ಕೊಡಲಿ ತಗೊಂಡರು ಎಂಬ ಮಾತು ಇಷ್ಟು ಚಾಚೂ ತಪ್ಪದೆ ನಿಜವಾದದ್ದನ್ನು ನಾನು ಇನ್ನೆಲ್ಲೂ ನೋಡಿಲ್ಲ. ಬ್ರೂನೋ ಒಮ್ಮೆ ಕಿರುಚಿದ, ಹಾಲು, ಬಾಲ್ಕನಿ, ಮೇಷ್ಟ್ರ ಬಿಳೀ ಪಂಚೆ ಎಲ್ಲ ಕಡೆ ರಕ್ತದ ಹೆಜ್ಜೆ. ನೋಡಲು ಭಯಂಕರ, ಪ್ರಾಣಕ್ಕೇನೂ ಅಪಾಯವಿಲ್ಲ. ಕಾರ್ನ್‌ಫ್ಲೋರನ್ನು ಬಟ್ಟೆಯ ಮೇಲೆ ಹಾಕಿ ಉಗುರಿನ ತುದಿಗೆ ಒತ್ತಿ, ಐದು ನಿಮಿಷ ಬಿಡದೆ ಹಿಡಿದರೆ ಸಾಮಾನ್ಯವಾಗಿ ನಿಲ್ಲುತ್ತದೆ. ನಿಂತಿತೇ ಎಂದು ಗಳಿಗೆಗೊಮ್ಮೆ ತೆಗೆದು ನೋಡಬಾರದಷ್ಟೇ. ನಿಜವಾದ ನಷ್ಟ ಬೇರೆ: ಈಗ ಮೇಷ್ಟ್ರು ಡ್ರಾಯರ್ ಎಳೆದರೆ ಸಾಕು, ಬ್ರೂನೋ ಮಂಚದ ಕೆಳಗೆ.

ಮನುಷ್ಯರ ನೇಲ್ ಕಟ್ಟರ್ ಕೂಡ ಬೇಡ. ನಾಯಿಯ ದುಂಡು ಉಗುರನ್ನು ಅದು ಚಪ್ಪಟೆಯಾಗಿ ಅದುಮಿ ಸೀಳುತ್ತದೆ. ನಾಯಿಗೆಂದೇ ಮಾಡಿದ ಹರಿತವಾದ ಕತ್ತರಿ ಪೆಟ್ ಅಂಗಡಿಗಳಲ್ಲಿ ಸಿಗುತ್ತದೆ, ಬ್ಯಾಟರಿಯ ಗ್ರೈಂಡರೂ ಸಿಗುತ್ತದೆ. ಅದಕ್ಕೂ ಮೊದಲಿನ ಕೆಲಸ ಕಾಲು ಮುಟ್ಟಿಸಿಕೊಳ್ಳುವುದನ್ನು ಕಲಿಸುವುದು. ರಾಗಿ ಊಟ ಮುಗಿಸಿ ಒರಗಿದಾಗ ಸುಮ್ಮನೆ ಪಂಜ ಹಿಡಿಯುವುದು, ಬೆರಳು ಬಿಡಿಸುವುದು, ಬೇಯಿಸಿದ ಗೆಣಸಿನ ಚೂರು ಕೊಡುವುದು. ಕತ್ತರಿ ಪಕ್ಕದಲ್ಲಿ ಬಿದ್ದಿರುತ್ತದೆ, ಉಪಯೋಗಿಸುವುದಿಲ್ಲ. ವಾರಗಟ್ಟಲೆ ಇಷ್ಟೇ ನಡೆಯಿತು. ಆಮೇಲೊಂದು ದಿನ ಒಂದೇ ಉಗುರು. ಹದಿನೆಂಟನ್ನೂ ಒಂದೇ ಸಲಕ್ಕೆ ಮುಗಿಸಬೇಕೆಂದು ಯಾವ ಶಾಸ್ತ್ರದಲ್ಲೂ ಬರೆದಿಲ್ಲ. ಗೆಣಸಿನ ಲಾಭ ನೋಡಿ ಈಗ ತಾನಾಗಿ ಕಾಲು ಚಾಚುತ್ತಾಳೆ, ಕತ್ತರಿಸಿ ಆದ ಕಾಲನ್ನೇ ಮತ್ತೆ ಕೊಡುವಷ್ಟು ಜಾಣೆ.

ಹೀಗೆ ದಿನಾ ಪಂಜ ಹಿಡಿಯುವುದರಿಂದ ರೋಗವೂ ಬೇಗ ಕಣ್ಣಿಗೆ ಬೀಳುತ್ತದೆ. ನಾವು ತೋರಿಸುವ ಡಾಕ್ಟರಮ್ಮ ಹೆಬ್ಬಾಳದ ವೆಟರ್ನರಿ ಕಾಲೇಜಿನಲ್ಲಿ ಓದಿದವರು, ಮಾತು ಕಡಿಮೆ. ಉಗುರಿನ ತೊಂದರೆ ಎಂದು ಯಾರೇ ಹೋದರೂ ಅವರ ಮೊದಲ ಪ್ರಶ್ನೆ, "ಒಂದೇ ಉಗುರಾ, ಸುಮಾರು ಉಗುರಾ?" ಒಂದೇ ಉಗುರೆಂದರೆ ಅಲ್ಲಿಗೇ ಸೇರಿದ ಕಾರಣ ಹುಡುಕುತ್ತಾರೆ: ಚರಂಡಿಯ ಜಾಲರಿಗೋ ಕಾರ್ಪೆಟ್ಟಿಗೋ ಸಿಕ್ಕಿ ಸೀಳಿರಬಹುದು, ಮುಳ್ಳು ಹೊಕ್ಕು ಬುಡ ಕೀವು ಹಿಡಿದಿರಬಹುದು, ಬೆರಳ ಸಂದಿಯಲ್ಲಿ ಉಣ್ಣೆ ಕೂತಿರಬಹುದು. ಸುಮಾರು ಉಗುರೆಂದರೆ ಅವರ ಯೋಚನೆ ಪಂಜದಿಂದ ಇಡೀ ಮೈಗೆ ಹೋಗುತ್ತದೆ. ಅಲರ್ಜಿಯೇ, ಚರ್ಮದೊಳಗಿನ ಹುಳವೇ, ದೇಹ ತನ್ನ ಉಗುರಿನ ಬುಡದ ಮೇಲೇ ತಿರುಗಿಬಿದ್ದಿದೆಯೇ.

ಈ ಕೊನೆಯದಕ್ಕೆ ಉಗುರಿಗಿಂತ ಉದ್ದದ ಹೆಸರಿದೆ, ಸಿಮೆಟ್ರಿಕಲ್ ಲೂಪಾಯ್ಡ್ ಆನಿಕೋಡಿಸ್ಟ್ರೋಫಿ. ಜರ್ಮನ್ ಶೆಫರ್ಡ್ ಸಾಕಿದವರು ಕೇಳಿರುತ್ತಾರೆ. ತಿಂದುಂಡು ಚೆನ್ನಾಗಿರುವ ನಾಯಿಯ ಒಂದೆರಡು ಉಗುರು ಕಾರಣವಿಲ್ಲದೆ ಕಳಚುತ್ತದೆ. ಕೆಲವು ವಾರಗಳಲ್ಲಿ ನಾಲ್ಕೂ ಕಾಲಿಗೆ ಹರಡುತ್ತದೆ. ಹೊಸದಾಗಿ ಬರುವ ಉಗುರು ಸೊಟ್ಟ, ಪುಡಿಪುಡಿ. ನೋಡಿದವರೆಲ್ಲ ಫಂಗಸ್ ಎಂದು ಹುಳುಕಡ್ಡಿಯ ಮುಲಾಮು ಹಚ್ಚಲು ಹೇಳುತ್ತಾರೆ. ನಾಯಿಯ ಉಗುರಿಗೆ ನಿಜವಾದ ಫಂಗಸ್ ಹತ್ತುವುದು ಅಪರೂಪ. ಇದಕ್ಕೆ ಮೀನೆಣ್ಣೆಯಲ್ಲಿರುವ ಒಮೇಗಾ-3, ಜೊತೆಗೆ ಡಾಕ್ಟರು ಬರೆದುಕೊಡುವ ಕೆಲವು ಮಾತ್ರೆ, ಎಲ್ಲಕ್ಕಿಂತ ಹೆಚ್ಚಾಗಿ ತಿಂಗಳುಗಟ್ಟಲೆ ಕಾಯುವ ಸಹನೆ ಬೇಕು. ಉಗುರು ಬುಡದಿಂದ ತುದಿಗೆ ಬರುವುದೇ ನಿಧಾನ, ಔಷಧಿ ಹಿಡಿಯಿತೇ ಎಂದು ಮೂರು ನಾಲ್ಕು ತಿಂಗಳಿಗೆ ಮೊದಲು ಹೇಳುವಂತಿಲ್ಲ. ಎಷ್ಟೋ ನಾಯಿಗಳಿಗೆ ಔಷಧಿ ಜೀವನಪೂರ್ತಿ ಬೇಕಾಗುತ್ತದೆ.

ಡಾಕ್ಟರಮ್ಮ ದನಿ ತಗ್ಗಿಸಿ ಮಾತಾಡಿದ್ದು ಇನ್ನೊಂದರ ವಿಚಾರದಲ್ಲಿ. ವಯಸ್ಸಾದ ನಾಯಿ, ಅದರಲ್ಲೂ ಕಪ್ಪು ಮೈಯ ದೊಡ್ಡ ತಳಿ, ಒಂದೇ ಬೆರಳು ಊದಿದೆ, ಉಗುರು ಓರೆಯಾಗಿದೆ, ಆಂಟಿಬಯಾಟಿಕ್ ಕೊಟ್ಟಾಗ ಇಳಿದ ಹಾಗೆ ಮಾಡಿ ಮತ್ತೆ ಬರುತ್ತಿದೆ ಎಂದರೆ ಎಕ್ಸ್‌ರೇ ತೆಗೆಸಲೇಬೇಕು. ಉಗುರಿನ ಬುಡದ ಕ್ಯಾನ್ಸರ್ ಗಾಯದ ವೇಷದಲ್ಲೇ ಬರುತ್ತದೆ, ಒಳಗೆ ಮೂಳೆ ತಿನ್ನುತ್ತಿರುತ್ತದೆ. ಬೇಗ ಗೊತ್ತಾದರೆ ಒಂದು ಬೆರಳು ತೆಗೆದು ಮುಗಿಸಬಹುದು. ಬೆರಳೊಂದು ಹೋದ ನಾಯಿ ಗಾಯ ಮಾಗಿದ ಮೇಲೆ ಎಂದಿನಂತೆ ಓಡುತ್ತದೆ.

ರಾಗಿಯ ಕಷ್ಟ ಇಷ್ಟು ದೊಡ್ಡದಲ್ಲ, ಮಳೆಗಾಲದ್ದು. ಜುಲೈ ಬಂತೆಂದರೆ ಒದ್ದೆ ಪಂಜ ಒಣಗುವುದೇ ಇಲ್ಲ. ಬೆರಳ ಸಂದಿ ಕೆಂಪಾಗಿ, ಉಗುರಿನ ಬುಡಕ್ಕೆ ಕಂದು ಜಿಡ್ಡು ಕಟ್ಟಿ, ಹುಳಿ ಹಿಟ್ಟಿನ ವಾಸನೆ. ತೇವಕ್ಕೆ ಕೊಬ್ಬುವ ಯೀಸ್ಟಿನ ಕೆಲಸ ಅದು. ನೆಕ್ಕುತ್ತಾಳೆ, ನೆಕ್ಕಿದಷ್ಟೂ ತೇವ, ತೇವವಾದಷ್ಟೂ ನವೆ. ವಾಕಿಂಗ್ ಮುಗಿಸಿ ಬಂದ ತಕ್ಷಣ ಹಳೇ ಬನಿಯನ್ನಿನಲ್ಲಿ ಒಂದೊಂದೇ ಸಂದಿ ಒರೆಸುವುದು, ಡಾಕ್ಟರು ಹೇಳಿದ ಕ್ಲೋರ್‌ಹೆಕ್ಸಿಡಿನ್ ನೀರಲ್ಲಿ ಪಂಜ ತೊಳೆದು ಒಣಗಿಸುವುದು, ಇವೆರಡರಿಂದ ಮುಕ್ಕಾಲು ಪಾಲು ಹತೋಟಿಗೆ ಬಂತು. ಮನೆಯಲ್ಲಿದ್ದ ನೋವಿನ ಮಾತ್ರೆ ಕೊಟ್ಟುಬಿಡಿ ಎಂದು ಸಲಹೆ ಕೊಡುವವರು ಅಪಾರ್ಟ್‌ಮೆಂಟಿನಲ್ಲಿ ಬೇಕಾದಷ್ಟಿದ್ದಾರೆ. ಐಬುಪ್ರೊಫೆನ್‌ನಂಥದ್ದು ನಾಯಿಯ ಹೊಟ್ಟೆಯನ್ನೂ ಮೂತ್ರಪಿಂಡವನ್ನೂ ಕೆಡಿಸುತ್ತದೆ. ಉಗುರು ಮುರಿದು ಜೋತಾಡುತ್ತಿದ್ದರೂ ಬಟ್ಟೆ ಸುತ್ತಿಕೊಂಡು ಡಾಕ್ಟರ ಹತ್ತಿರ ಹೋಗುವುದೇ ಸರಿ.

ಇಷ್ಟೆಲ್ಲ ವಿಜ್ಞಾನ ಕಲಿತ ಮೇಲೂ ನಮ್ಮ ಮನೆಯಲ್ಲಿ ಉಗುರು ತೆಗೆಯುವ ದಿನ ಗೊತ್ತುಮಾಡುವವರು ಅಮ್ಮ. ಶುಕ್ರವಾರ ಕತ್ತರಿ ಹಿಡಿದರೆ, "ಲಕ್ಷ್ಮಿ ಬರೋ ಹೊತ್ತಲ್ಲಿ ಎಂಥದೋ ನಿಂದು?" ಎನ್ನುತ್ತಾರೆ. ಮಂಗಳವಾರ ಸುತರಾಂ ಇಲ್ಲ. ಶನಿವಾರ ಬೇಡ. ಅಮಾವಾಸ್ಯೆ, ಏಕಾದಶಿ ಕೇಳುವುದೇ ಬೇಡ. ದೀಪ ಹಚ್ಚಿದ ಮೇಲೆ ಯಾವ ದಿನವೂ ಇಲ್ಲ, ಕತ್ತರಿಸಿದ್ದರಲ್ಲಿ ಒಂದು ಚೂರೂ ಮನೆಯೊಳಗೆ ಬೀಳಬಾರದು.

"ನಾಯಿಗೂ ಇದೆಲ್ಲ ಇದೆಯೇನಮ್ಮ?"

"ಮನೆ ಒಳಗೆ ಮಂಚದ ಮೇಲೆ ಮಲಗೋಕೆ ಇಲ್ವಾ? ಅದಕ್ಕಿದ್ದ ಮೇಲೆ ಇದಕ್ಕೂ ಇದೆ."

ಹೀಗೆ ಕಳೆದು ಕೊನೆಗೆ ಗೊತ್ತುಮಾಡಿದ್ದು ಬುಧವಾರ ಬೆಳಿಗ್ಗೆ. ಬಾಲ್ಕನಿಯಲ್ಲಿ ಹಳೇ ಪೇಪರು ಹಾಸಿ ನಾನು ಕೂರುತ್ತೇನೆ, ರಾಗಿ ಎದುರಿಗೆ ಒರಗುತ್ತಾಳೆ, ಗೆಣಸಿನ ತಟ್ಟೆ ಹಿಡಿದು ಅಮ್ಮ ಸ್ಟೂಲಿನ ಮೇಲೆ. ಮನುಷ್ಯರಿಗಾದರೆ ಜನ್ಮನಕ್ಷತ್ರದ ದಿನವೂ ಉಗುರು ತೆಗೆಯುವಂತಿಲ್ಲ. ಬೀದಿಯಲ್ಲಿ ಸಿಕ್ಕಿದ ರಾಗಿಯ ನಕ್ಷತ್ರ ಯಾರಿಗೆ ಗೊತ್ತು. ಅಷ್ಟರಮಟ್ಟಿಗೆ ತಿಂಗಳಲ್ಲಿ ಒಂದು ದಿನ ಅವಳಿಗೆ ಲಾಭ ಎಂದು ಅಮ್ಮ ಲೆಕ್ಕ ಹಾಕಿ ಹೇಳಿದ್ದಾರೆ.