ಮನೆ ಕೆಳಗಿನ ಕಟ್ಟೆ

ಮಗಳ ಮನೆಗೆಂದು ಮೈಸೂರಿನಿಂದ ಸಿಂಗಪುರಕ್ಕೆ ಹೋಗಿದ್ದೆ. ತೋವಾ ಪಾಯೊ ಎಂಬ ಬಡಾವಣೆಯಲ್ಲಿ ಹನ್ನೊಂದನೇ ಮಹಡಿಯ ಮನೆ. ಬೆಳಿಗ್ಗೆ ಏಳಕ್ಕೆ ಮೊಮ್ಮಗಳು ಶಾಲೆಗೆ, ಎಂಟಕ್ಕೆ ಮಗಳು, ಅಳಿಯ ಕೆಲಸಕ್ಕೆ. ಆಮೇಲೆ ಸಂಜೆಯವರೆಗೆ ನಾನು ಮತ್ತು ಫ್ಯಾನಿನ ಸದ್ದು. ಮೊದಲ ವಾರವೆಲ್ಲ ಕಿಟಕಿಯಲ್ಲಿ ನಿಂತು ಬಸ್ಸು ಎಣಿಸಿದೆ.

"ಅಜ್ಜಿ, ಕೆಳಗೆ ಹೋಗಿ ಕೂತ್ಕೋ" ಎಂದಳು ಮೊಮ್ಮಗಳು.

ಸಿಂಗಪುರದ ಹತ್ತು ಜನರಲ್ಲಿ ಸುಮಾರು ಎಂಟು ಮಂದಿ ಇರುವುದು ಸರ್ಕಾರದ ವಸತಿ ಮಂಡಳಿ ಕಟ್ಟಿಸಿದ ಮನೆಗಳಲ್ಲೇ. ಮಂಡಳಿ ಶುರುವಾದದ್ದು 1960ರಲ್ಲಿ. ಅಕ್ಕಪಕ್ಕದವರು ಒಂದೆಡೆ ಸೇರಲೆಂದು ಅನೇಕ ಕಟ್ಟಡಗಳ ನೆಲಮಹಡಿಯಲ್ಲಿ ಮನೆ ಕಟ್ಟದೆ ಖಾಲಿ ಬಿಟ್ಟಿದ್ದಾರೆ. ಅದಕ್ಕೆ 'ವಾಯ್ಡ್ ಡೆಕ್' ಎನ್ನುತ್ತಾರೆ. ಬರೀ ಕಂಬ, ನೆರಳು, ಗಾಳಿ, ಬೆಂಚು. ಮಲಯ್ ಜನರ ಮದುವೆ ಊಟವೂ ಅಲ್ಲೇ, ಚೀನೀಯರ ಮನೆಯಲ್ಲಿ ಸಾವಾದರೆ ಅಂತಿಮ ದರ್ಶನವೂ ಅಲ್ಲೇ. ನನ್ನ ಕಣ್ಣಿಗೆ ನಮ್ಮೂರ ಅರಳಿಕಟ್ಟೆಯೇ ಕಂಡಿತು.

ಆದರೆ ಕಟ್ಟೆ ಇದ್ದರೆ ಸಾಕೆ? ಎರಡು ದಿನ ಸುಮ್ಮನೆ ಕೂತು ಎದ್ದು ಬಂದೆ. ಯಾರೂ ಮಾತಾಡಿಸಲಿಲ್ಲ, ನಾನೂ ಮಾತಾಡಿಸಲಿಲ್ಲ. ಮೂರನೇ ದಿನ ಚೀನೀ ಅಜ್ಜಿಯೊಬ್ಬರು ಮೊಳಕೆಕಾಳಿನ ಬಾಲ ಚಿವುಟುತ್ತಾ ಕೂತಿದ್ದರು. ಹೋಗಿ ಪಕ್ಕದಲ್ಲಿ ಕೂತು ನಾನೂ ಒಂದು ಹಿಡಿ ತೆಗೆದುಕೊಂಡೆ. ಅವರು ನಕ್ಕರು. ಅವರಿಗೆ ಕನ್ನಡ ಬಾರದು, ನನಗೆ ಚೀನೀ ಬಾರದು. ಬೆರಳು ಮಡಿಸಿ ಮೊಮ್ಮಕ್ಕಳ ಲೆಕ್ಕ ಹೇಳಿಕೊಂಡೆವು. ಏಳು ಬೆರಳೆತ್ತಿ ಮೇಲೆ ತೋರಿಸಿದರು: ಏಳನೇ ಮಹಡಿ. ಆಮೇಲೆ ಒಂದೇ ಬೆರಳು: ಒಬ್ಬರೇ.

ಅಂದಿನಿಂದ ದಿನಾ ಜೊತೆಗೆ ಕೂರುತ್ತಿದ್ದೆವು. ಒಂದು ದಿನ ಅವರು ಬರಲಿಲ್ಲ. ಮರುದಿನವೂ ಇಲ್ಲ. ಮನಸ್ಸು ತಡೆಯದೆ ಸಂಜೆ ಮೊಮ್ಮಗಳನ್ನು ಕರೆದುಕೊಂಡು ಏಳನೇ ಮಹಡಿಗೆ ಹೋದೆ. ಅವಳು ಮೊದಲ ಬಾಗಿಲು ತಟ್ಟಿ ಇಂಗ್ಲಿಷಿನಲ್ಲಿ ವಿಚಾರಿಸಿದಳು. ಆ ಮನೆಯಾಕೆ ತಾವೇ ಜೊತೆಗೆ ಬಂದು ಪಕ್ಕದ ಮನೆ ತೋರಿಸಿದರು. ಅಜ್ಜಿ ಗೋಡೆ ಹಿಡಿದುಕೊಂಡು ಬಂದು ಬಾಗಿಲು ತೆರೆದರು. ಪಾದ ಊದಿತ್ತು. ನನ್ನ ಕೈ ಹಿಡಿದವರು ಬಹಳ ಹೊತ್ತು ಬಿಡಲಿಲ್ಲ. ಆ ಮನೆಯಾಕೆ ಅವರ ಮಗನಿಗೆ ಫೋನ್ ಮಾಡಿದರು. "ಒಂದೇ ಗೋಡೆಯ ಆಚೆ ಇದ್ದೂ ನಮಗೆ ಗೊತ್ತಾಗಲಿಲ್ಲವಲ್ಲ" ಎಂದು ನೊಂದುಕೊಂಡರಂತೆ. ಮೊಮ್ಮಗಳು ನನಗೆ ಕನ್ನಡದಲ್ಲಿ ಹೇಳಿದಳು.

ಈಗ ಮೈಸೂರಿಗೆ ಮರಳಿದ್ದೇನೆ. ನಮ್ಮ ಅಪಾರ್ಟ್‌ಮೆಂಟಿನ ಕೆಳಗೂ ಕಂಬಗಳಿವೆ, ನಡುವೆ ಕಾರುಗಳು. ಲಿಫ್ಟಿನ ಪಕ್ಕ ಎರಡು ಕುರ್ಚಿ ಹಾಕಿಸಿ, ಸಂಜೆ ಒಂದರಲ್ಲಿ ಅವರೆಕಾಯಿ ಸುಲಿಯುತ್ತಾ ಕೂರುತ್ತೇನೆ. ಮೊನ್ನೆ ಮೂರನೇ ಮಹಡಿಯ ಹುಡುಗ ಶಾಲೆಯಿಂದ ಬಂದವನು ಬ್ಯಾಗು ಕೆಳಗಿಟ್ಟ.

"ಅಜ್ಜಿ, ನಾನೂ ಸುಲೀಲಾ?"